ಕೋರ್ಟಿನ ಆದೇಶ ಕೈಗೆ ಬಂದ ಮೇಲೆ



ಹೈಕೋರ್ಟಿನಲ್ಲಿ ಗೆದ್ದೆವೆಂದು ಆದೇಶದ ಕಾಗದವನ್ನು ಟ್ರಂಕಿನಲ್ಲಿಟ್ಟು ಕುಳಿತವರು ನಮ್ಮ ಸಿಂಧನೂರು, ಮಸ್ಕಿ, ಲಿಂಗಸುಗೂರು ಸೀಮೆಯಲ್ಲಿ ಇದ್ದಾರೆ. ಪೋಡಿ ಇರಲಿ, ಪಹಣಿ ತಿದ್ದುಪಡಿ ಇರಲಿ, ಹೊಲದ ಪರಿಹಾರ ಇರಲಿ, ಆದೇಶ ತಾನಾಗಿ ನಡೆದು ಕಚೇರಿಗೆ ಹೋಗುವುದಿಲ್ಲ. ಪೂರ್ವ ಪಾಕಿಸ್ತಾನದಿಂದ ಬಂದ ಕುಟುಂಬಗಳಿಗೆ ಪುನರ್ವಸತಿ ಕಲ್ಪಿಸಿದ ಆರ್.ಎಚ್. ಕ್ಯಾಂಪುಗಳಲ್ಲಂತೂ ಮನೆ, ಹೊಲ ಎರಡೂ ಸರ್ಕಾರಿ ಕಾಗದದ ಮೇಲೆ ನಿಂತಿವೆ. ಆದ್ದರಿಂದ ಅಲ್ಲಿನ ವಾಚಕರು ಇದನ್ನು ಗಮನವಿಟ್ಟು ಓದಬೇಕು.

ಆದೇಶವನ್ನು ಅಧಿಕಾರಿ ಬೇಕೆಂದೇ ಪಾಲಿಸದಿದ್ದರೆ ಅದು ನ್ಯಾಯಾಂಗ ನಿಂದನೆ. 1971ರ ಕಾಯಿದೆಯ ಪ್ರಕಾರ ಇದಕ್ಕೆ 6 ತಿಂಗಳವರೆಗೆ ಸಾದಾ ಸಜೆ, 2,000 ರೂಪಾಯಿವರೆಗೆ ದಂಡ ಅಥವಾ ಎರಡನ್ನೂ ವಿಧಿಸಬಹುದು. ದೊಡ್ಡ ಅಧಿಕಾರಿಗೆ ಇದೆಲ್ಲ ತಾಗುವುದುಂಟೇ ಎನ್ನಬೇಡಿ. ನಮ್ಮ ರಾಜ್ಯದ ನಗರಾಭಿವೃದ್ಧಿ ಇಲಾಖೆಯ ಕಾರ್ಯದರ್ಶಿಯಾಗಿದ್ದ ಜೆ. ವಾಸುದೇವನ್ ಎಂಬ ಐ.ಎ.ಎಸ್. ಅಧಿಕಾರಿಗೆ ನೌಕರರೊಬ್ಬರ ಬಡ್ತಿಯ ಆದೇಶವನ್ನು ಪಾಲಿಸದ ಕಾರಣಕ್ಕೆ 1995ರಲ್ಲಿ ಸುಪ್ರೀಂ ಕೋರ್ಟು ಒಂದು ತಿಂಗಳ ಸಜೆ ವಿಧಿಸಿತು. ಆದರೆ ಇಂಥದು ಅಪರೂಪ. ನೋಟೀಸು ತಲುಪಿದ ಕೂಡಲೇ ಆದೇಶ ಪಾಲಿಸಿ, ಕ್ಷಮೆ ಕೇಳಿ ಮುಗಿಸುವುದೇ ಹೆಚ್ಚು. ನಮಗೂ ಬೇಕಾದದ್ದು ಕೆಲಸ, ಅವರ ಜೈಲಲ್ಲ.

ಈಗ ಮುಖ್ಯ ಮಾತಿಗೆ ಬರೋಣ. ಯೂರಿಯಾಕ್ಕೆ ಹೇಗೆ ಹೊತ್ತಿದೆಯೋ ಇದಕ್ಕೂ ಹಾಗೆಯೇ. "ಆದೇಶದ ಪ್ರತಿ ತಲುಪಿದ 3 ತಿಂಗಳೊಳಗೆ" ಎಂದು ಕೋರ್ಟು ಬರೆದಿದ್ದರೆ, ಪ್ರತಿ ತಲುಪುವವರೆಗೆ ಆ 3 ತಿಂಗಳು ಆರಂಭವೇ ಆಗುವುದಿಲ್ಲ! ದೃಢೀಕೃತ ನಕಲು ಪಡೆದು, ಒಂದು ಮನವಿಯ ಜೊತೆ ಕಚೇರಿಯ ಟಪಾಲಿಗೆ ಕೊಟ್ಟು, ನಿಮ್ಮ ಪ್ರತಿಯ ಮೇಲೆ ಮೊಹರು ಮತ್ತು ತಾರೀಖು ಹಾಕಿಸಿಕೊಳ್ಳಿ. ಹಾಕಿಕೊಡದಿದ್ದರೆ ಸ್ವೀಕೃತಿ ಬರುವಂಥ ಅಂಚೆಯಲ್ಲಿ ಕಳುಹಿಸಿ. ಜೂನ್ 10ಕ್ಕೆ ತಲುಪಿದರೆ ಸೆಪ್ಟೆಂಬರ್ 10ಕ್ಕೆ ಗಡುವು ಮುಗಿಯಿತು. ಅಲ್ಲಿಂದ ಒಂದು ವರ್ಷದೊಳಗೆ ನಿಂದನೆ ಅರ್ಜಿ ಹಾಕಬೇಕು. ರಾಯಚೂರು ಜಿಲ್ಲೆಯವರಿಗೆ ಇದರ ಸ್ಥಳ ಹೈಕೋರ್ಟಿನ ಕಲಬುರಗಿ ಪೀಠ. "ನಾಳೆ ಬಾ" ಎಂದವರ ಮಾತು ಕೇಳಿ ಆ ವರ್ಷ ಕಳೆದರೆ ಈ ಬಾಗಿಲು ಮುಚ್ಚಿದಂತೆಯೇ.

ಆದೇಶದ ಕೊನೆಯ ಪ್ಯಾರಾವನ್ನು ಬಲ್ಲವರಿಂದ ಓದಿಸಿ ಕೇಳಿರಿ. "ಪೋಡಿ ಮಾಡಿಕೊಡಿ" ಎನ್ನುವುದು ಬೇರೆ, "ಅರ್ಜಿಯನ್ನು ಪರಿಶೀಲಿಸಿ ತೀರ್ಮಾನಿಸಿ" ಎನ್ನುವುದು ಬೇರೆ. ಎರಡನೆಯದರಲ್ಲಿ ಅಧಿಕಾರಿ ಕಾರಣ ಬರೆದು ಅರ್ಜಿಯನ್ನು ತಿರಸ್ಕರಿಸಿದರೂ ಆದೇಶ ಪಾಲಿಸಿದಂತೆಯೇ ಲೆಕ್ಕ. ಆಗ ನಿಂದನೆ ಅರ್ಜಿಯಿಂದ ಉಪಯೋಗವಿಲ್ಲ, ತಿರಸ್ಕಾರವನ್ನೇ ಹೊಸದಾಗಿ ಪ್ರಶ್ನಿಸಬೇಕು. ರೈತರು ಹೆಚ್ಚಾಗಿ ಎಡವುವುದು ಇಲ್ಲಿಯೇ ಎಂಬುದು ನನ್ನ ಅಭಿಪ್ರಾಯ.

ಭೂಸ್ವಾಧೀನದ ಹೆಚ್ಚುವರಿ ಪರಿಹಾರದ ದಾರಿ ಇನ್ನೊಂದು. ಸಿವಿಲ್ ಕೋರ್ಟು ಹಣ ಕೊಡಲು ತೀರ್ಪಿತ್ತಿದ್ದರೆ ಅದೇ ಕೋರ್ಟಿನಲ್ಲಿ ಅಮಲ್ಜಾರಿ ಅರ್ಜಿ ಹಾಕಬೇಕು. ಇದಕ್ಕೆ 12 ವರ್ಷ ಅವಕಾಶವಿದೆ. ಕಚೇರಿಯ ಜೀಪು, ಕುರ್ಚಿ, ಕಂಪ್ಯೂಟರು ಜಪ್ತಿಯಾದ ಸುದ್ದಿ ನೀವು ಪತ್ರಿಕೆಯಲ್ಲಿ ಓದಿರಬಹುದು, ಅದು ಈ ಅರ್ಜಿಯ ಫಲ. ಹೆಚ್ಚುವರಿ ಹಣಕ್ಕೆ ಕೋರ್ಟು ಸ್ವಾಧೀನದ ಮೊದಲ ವರ್ಷಕ್ಕೆ ಶೇಕಡಾ 9, ಆಮೇಲೆ ಶೇಕಡಾ 15ರಂತೆ ಬಡ್ಡಿ ಕೊಡಿಸಬಹುದು. ಆದ್ದರಿಂದ ತಡ ಮಾಡುವ ಇಲಾಖೆ ಬೊಕ್ಕಸಕ್ಕೇ ಹೊರೆ ಏರಿಸುತ್ತದೆ.

ವಕೀಲರ ಫೀಸಿಗೆ ಹಣವಿಲ್ಲದವರು ಕೋರ್ಟಿನ ಆವರಣದಲ್ಲಿರುವ ತಾಲ್ಲೂಕು ಕಾನೂನು ಸೇವಾ ಸಮಿತಿಯಲ್ಲಿ ವಿಚಾರಿಸಿರಿ. ಮಹಿಳೆಯರಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ ಆದಾಯ ಎಷ್ಟಿದ್ದರೂ ಉಚಿತ ನೆರವುಂಟು. ಇನ್ನೊಂದು ಮಾತು: ನಡುವೆ ಅಧಿಕಾರಿಗೆ ವರ್ಗವಾದರೆ ಹೊಸದಾಗಿ ಬಂದವರಿಗೂ ಆದೇಶದ ಒಂದು ಪ್ರತಿ ಕೊಟ್ಟು ಮೊಹರು ಹಾಕಿಸಿಕೊಳ್ಳಿ. "ನನಗೆ ಗೊತ್ತೇ ಇರಲಿಲ್ಲ" ಎನ್ನಲು ಅವರಿಗೆ ಆಸ್ಪದವಿರಬಾರದು.