ಗರಿಗರಿ ಮೀನಿಗೆ ವಿಲನ್ ಯಾರು?

ಬೆಳ್ಳಿತೆರೆಯ ಮೇಲೆ ಊಟದ ದೃಶ್ಯ ಬಂತೆಂದರೆ ಬಾಯಲ್ಲಿ ನೀರೂರದವರುಂಟೆ? 1974ರ ‘ಭೂತಯ್ಯನ ಮಗ ಅಯ್ಯು’ ಚಿತ್ರದಲ್ಲಿ ಲೋಕನಾಥ್ ಉಪ್ಪಿನಕಾಯಿ ತಿಂದದ್ದನ್ನು ಜನ ಇಂದಿಗೂ ಮರೆತಿಲ್ಲ. ಆದರೆ ಅದೇ ಅಭಿಮಾನಿಗಳನ್ನು ಒಲೆ ಮುಂದೆ ನಿಲ್ಲಿಸಿ ನೋಡಿ, ಎಲ್ಲರದೂ ಗೆಸ್ಟ್ ರೋಲ್!

ಹಾರೋಹಳ್ಳಿ ಕೈಗಾರಿಕಾ ಪ್ರದೇಶದಲ್ಲಿ ದುಡಿಯುತ್ತಾ ರೂಮ್ ಮಾಡಿಕೊಂಡಿರುವ ಹುಡುಗರಲ್ಲಿ ನನ್ನ ಗೆಳೆಯರೂ ಇದ್ದಾರೆ. ಭಾನುವಾರ ಬಂತೆಂದರೆ ಮೀನು. “ಗುರೂ, ಹೋಟ್ಲಲ್ಲಿ ಗರಿಗರಿ ಇರುತ್ತೆ, ನಮ್ಮದ್ಯಾಕೆ ಕಾವಲಿಗೆ ಅಂಟಿಕೊಂಡು ಪುಡಿಪುಡಿ ಆಗುತ್ತೆ?” ಎಂಬುದು ಅವರ ಪ್ರಶ್ನೆ.

ವಿಲನ್ ಬೇರಾರೂ ಅಲ್ಲ, ನೀರು! ತೊಗಲಿನಲ್ಲಿ ತೇವ ಇರುವತನಕ ಅದರ ಬಿಸಿ 100 ಡಿಗ್ರಿ ದಾಟುವುದಿಲ್ಲ. ಮೀನು ಬೇಯುತ್ತದೆಯೇ ಹೊರತು ಹುರಿಯುವುದಿಲ್ಲ. ಚೆನ್ನಾಗಿ ಕೆಂಪಗಾಗಲು ಸುಮಾರು 140 ಡಿಗ್ರಿ ಬೇಕು.

ಆದ್ದರಿಂದ ರೋಹು, ಕಾಟ್ಲಾ, ಜಿಲೇಬಿ ಯಾವುದೇ ಇರಲಿ, ಪೊರೆ ಕೆರೆಸಿ, ತೊಗಲು ಮಾತ್ರ ಬಿಡಿಸಬೇಡಿ. ಉಪ್ಪು ಸವರಿ ಇಪ್ಪತ್ತು ನಿಮಿಷ ಇಡಿ. ಬಿಟ್ಟ ನೀರನ್ನು ಒಣ ಬಟ್ಟೆಯಿಂದ ಒತ್ತಿ ಒರೆಸಿ. ಖಾರದಪುಡಿ, ಅರಿಶಿನ, ಬೆಳ್ಳುಳ್ಳಿಯನ್ನು ಮಾಂಸದ ಕಡೆ ಮಾತ್ರ ಹಚ್ಚಿ. ತೊಗಲಿಗೆ ಚಿಟಿಕೆ ಅಕ್ಕಿಹಿಟ್ಟು ಸಾಕು. ಕಬ್ಬಿಣದ ಕಾವಲಿ ಕಾದ ಮೇಲೆ ಕಡಲೆಕಾಯಿ ಎಣ್ಣೆ ಬಿಟ್ಟು, ತೊಗಲು ಕೆಳಗಾಗಿ ಇಟ್ಟು ಅರ್ಧ ನಿಮಿಷ ಮೆಲ್ಲಗೆ ಒತ್ತಿ. ಆಮೇಲೆ ಕೈಕಟ್ಟಿ ನಿಲ್ಲಿ! ಗರಿಗರಿಯಾದ ಮೀನು ತಾನೇ ಕಾವಲಿ ಬಿಡುತ್ತದೆ. ಆಗ ತಿರುವಿ ಹಾಕಿ, ಒಳಗೂ ಬೇಯುವತನಕ ಬಿಡಿ.

ಯುಗಾದಿ ಹೊತ್ತಿಗೆ ಸಂತೆಯಲ್ಲಿ ನುಗ್ಗೆಕಾಯಿ, ಎಳೆ ಅಲಸಂದೆ, ಮಾವಿನಕಾಯಿ ಸಿಗುತ್ತವೆ. ನುಗ್ಗೆ, ಅಲಸಂದೆಯನ್ನು ಈರುಳ್ಳಿ, ಹಸಿಮೆಣಸಿನಕಾಯಿ ಜೊತೆ ಪಲ್ಯ ಮಾಡಿ, ಇಳಿಸುವಾಗ ಮಾವಿನಕಾಯಿ ತುರಿ ಹಾಕಿ. ಮೀನನ್ನು ಪಲ್ಯದ ಮೇಲೆ, ತೊಗಲು ಆಕಾಶ ನೋಡುವಂತೆ ಇಡಿ. ಸಾರು ಮಾತ್ರ ಬೇರೆ ಬಟ್ಟಲಲ್ಲಿ, ಮುದ್ದೆಗೆ. ಸುರಿದಿರೋ, ವಿಲನ್ ಮತ್ತೆ ಹಾಜರ್!

ಇಷ್ಟಕ್ಕೆ ‘ಶುಭಂ’ ಹಾಕುವಂತಿಲ್ಲ. ನಂದಿಬೆಟ್ಟದಲ್ಲಿ ಹುಟ್ಟಿದ ಅರ್ಕಾವತಿ ರಾಮನಗರ, ಕನಕಪುರ ಹಾದು ಸಂಗಮದಲ್ಲಿ ಕಾವೇರಿ ಸೇರುತ್ತದೆ. ದಾರಿಯಲ್ಲಿ ಅವಳನ್ನು ಕೂಡಿಕೊಳ್ಳುವ ವೃಷಭಾವತಿ ಬೆಂಗಳೂರಿನ ಕೊಳಚೆಯನ್ನೂ ಕಾರ್ಖಾನೆ ನೀರನ್ನೂ ಬೈರಮಂಗಲ ಕೆರೆಯ ಮೂಲಕ ಹೊತ್ತು ತರುತ್ತಾಳೆ. 1975ರ ‘ಶೋಲೆ’ಯ ಗಬ್ಬರ್ ರಾಮದೇವರ ಬೆಟ್ಟದ ಬಂಡೆಗಳ ನಡುವೆ ಅಡಗಿದ್ದ, ಈ ವಿಲನ್ ಹಾಡಹಗಲೇ ಹರಿಯುತ್ತಿದ್ದಾನೆ. ಕಾದ ಎಣ್ಣೆ ಕ್ರಿಮಿಯನ್ನು ಕೊಂದೀತು. ಮೀನಿನ ಮೈ ಸೇರಿದ ಸೀಸ, ಕ್ರೋಮಿಯಂ ಮುಂದೆ ಅದರ ಆಟ ನಡೆಯದು. ತೊಗಲು ಎಷ್ಟೇ ಗರಿಗರಿಯಾದರೂ ಅಷ್ಟೆ.

ಆದ್ದರಿಂದ ಮಿತ್ರರೇ, “ಕೆ.ಜಿ. ಎಷ್ಟಣ್ಣ?” ಎನ್ನುವ ಮೊದಲು “ಯಾವ ಕೆರೆ ಮೀನಣ್ಣ?” ಎಂದು ಕೇಳಿ. ಉತ್ತರ ತಡವರಿಸಿದರೆ ಆ ಭಾನುವಾರ ಪಲ್ಯ-ಮುದ್ದೆಯೇ ಹೀರೋ ಆಗಲಿ. ಹೊಟ್ಟೆಯೊಳಗೆ ಡ್ಯೂಪ್ ಹಾಕಲು ಬರುವುದಿಲ್ಲ!