ಫಾರ್ಮುಲಾ ಒನ್ ಕಾರುಗಳ ಎಂಜಿನ್: ಗಾಳಿಯ ಮಿತಿಯಿಂದ ಇಂಧನದ ಮಿತಿಗೆ

ಪೀಠಿಕೆ

ಮೋಟಾರು ಸ್ಪರ್ಧೆಗಳ ಚರಿತ್ರೆಯಲ್ಲಿ ಚಾಲಕರ ಸಾಹಸಕ್ಕೂ ಗೆಲುವು-ಸೋಲುಗಳಿಗೂ ಸಹಜವಾಗಿಯೇ ಪ್ರಾಧಾನ್ಯ ದೊರೆತಿದೆ. ಆದರೆ ಅಂತರ್ದಹನ ಎಂಜಿನ್ನಿನ ಬೆಳವಣಿಗೆಯನ್ನು ಅಭ್ಯಸಿಸುವವರಿಗೆ ಇದೇ ಸ್ಪರ್ಧೆಗಳು ಬೇರೊಂದು ಬಗೆಯ ಆಕರಗಳಾಗಿವೆ. 1950ರಲ್ಲಿ ಆರಂಭವಾದ ಫಾರ್ಮುಲಾ ಒನ್ ವಿಶ್ವ ಚಾಂಪಿಯನ್‌ಷಿಪ್‌ನ ಹೆಸರಿನಲ್ಲಿರುವ ‘ಫಾರ್ಮುಲಾ’ ಎಂಬ ಪದವೇ ನಿಯಮಾವಳಿಯನ್ನು ಸೂಚಿಸುತ್ತದೆ. ನಿಯಮವು ಒಂದು ಮಿತಿಯನ್ನು ವಿಧಿಸುತ್ತದೆ. ಆ ಮಿತಿಯೊಳಗೆ ಗರಿಷ್ಠ ಶಕ್ತಿಯನ್ನು ಪಡೆಯುವ ಮಾರ್ಗವನ್ನು ಎಂಜಿನಿಯರುಗಳು ಅರಸುತ್ತಾರೆ. ಆದ್ದರಿಂದ ಯಾವ ಕಾಲದಲ್ಲಿ ಯಾವುದನ್ನು ಅಳೆದು ಮಿತಿಗೊಳಿಸಲಾಯಿತು ಎಂಬುದನ್ನು ಅರಿಯದೆ ಈ ಎಂಜಿನ್ನುಗಳ ವಿಕಾಸವನ್ನು ಅರ್ಥೈಸಲಾಗದು. ಈ ದೃಷ್ಟಿಯಿಂದ ನಾಲ್ಕು ಘಟ್ಟಗಳನ್ನು ಪರಿಶೀಲಿಸುವುದು ಪ್ರಸ್ತುತ ಪ್ರಬಂಧದ ಉದ್ದೇಶ.

ಶಕ್ತಿಯ ಮೂರು ಮೂಲಗಳು

ಎಂಜಿನ್ನಿನ ಶಕ್ತಿಯು ಮೂರು ಅಂಶಗಳ ಗುಣಲಬ್ಧವನ್ನು ಅವಲಂಬಿಸಿದೆ: ಸಿಲಿಂಡರುಗಳ ಒಟ್ಟು ಗಾತ್ರ, ಪಿಸ್ಟನ್ನಿನ ಮೇಲೆ ಬೀಳುವ ಸರಾಸರಿ ಪರಿಣಾಮಕಾರಿ ಒತ್ತಡ ಮತ್ತು ಪರಿಭ್ರಮಣ ವೇಗ. ನಿಯಮಗಳು ಬಹುಕಾಲ ಮೊದಲನೆಯ ಅಂಶವನ್ನು ಮಾತ್ರ ನಿರ್ಬಂಧಿಸಿದ್ದವು. ಹೀಗಾಗಿ ಎಂಜಿನಿಯರುಗಳಿಗೆ ಎರಡು ದಾರಿಗಳು ಉಳಿದವು: ಒತ್ತಡವನ್ನು ಹೆಚ್ಚಿಸುವುದು ಅಥವಾ ವೇಗವನ್ನು ಹೆಚ್ಚಿಸುವುದು. ಇವೆರಡರ ತಿರುಳೂ ಒಂದೇ; ಸೆಕೆಂಡಿಗೆ ಹೆಚ್ಚು ಗಾಳಿಯನ್ನು ಎಂಜಿನ್ನಿನೊಳಕ್ಕೆ ತರುವುದು. ಒಂದು ಕಿಲೋಗ್ರಾಂ ಪೆಟ್ರೋಲ್ ಪೂರ್ಣವಾಗಿ ಉರಿಯಲು ಸುಮಾರು 14.7 ಕಿಲೋಗ್ರಾಂ ಗಾಳಿ ಬೇಕು. ಇಂಧನವನ್ನು ಎಷ್ಟು ಬೇಕಾದರೂ ಸುರಿಯಬಹುದು, ಗಾಳಿಯನ್ನು ತುಂಬುವುದೇ ಕಷ್ಟ.

ಆರಂಭದ ನಿಯಮವು ಸೂಪರ್‌ಚಾರ್ಜರ್ ಇರುವ 1.5 ಲೀಟರ್ ಎಂಜಿನ್ನನ್ನೂ ಅದಿಲ್ಲದ 4.5 ಲೀಟರ್ ಎಂಜಿನ್ನನ್ನೂ ಸಮಾನವೆಂದು ಪರಿಗಣಿಸಿತ್ತು. ಮೊದಲ ವರ್ಷಗಳಲ್ಲಿ ಮೇಲುಗೈ ಸಾಧಿಸಿದ್ದು ಎಂಟು ಸಿಲಿಂಡರುಗಳು ಒಂದೇ ಸಾಲಿನಲ್ಲಿದ್ದ, ಸೂಪರ್‌ಚಾರ್ಜರ್ ಸಹಿತವಾದ ಆಲ್ಫಾ ರೋಮಿಯೋ. 1951ರ ವೇಳೆಗೆ ಅದರ ಶಕ್ತಿ 400 ಅಶ್ವಶಕ್ತಿಯನ್ನು ಮೀರಿತ್ತು. ಆದರೆ ಮೆಥನಾಲ್ ಪ್ರಧಾನವಾದ ಇಂಧನವನ್ನು ಅದು ಲೀಟರಿಗೆ ಒಂದು ಕಿಲೋಮೀಟರೂ ಓಡದಷ್ಟು ಯಥೇಚ್ಛವಾಗಿ ಕುಡಿಯುತ್ತಿತ್ತು. ಆ ವರ್ಷ ಸಿಲ್ವರ್‌ಸ್ಟೋನ್‌ನಲ್ಲಿ ನಡೆದ ಬ್ರಿಟಿಷ್ ಗ್ರ್ಯಾನ್ ಪ್ರಿಯಲ್ಲಿ ಫ್ರೊಯ್ಲಾನ್ ಗೊನ್ಸಾಲೆಸ್ ಚಲಾಯಿಸಿದ 4.5 ಲೀಟರಿನ ಫೆರಾರಿ ಆಲ್ಫಾವನ್ನು ಸೋಲಿಸಿತು. ಸೂಪರ್‌ಚಾರ್ಜರ್ ಇಲ್ಲದ ಆ ಹನ್ನೆರಡು ಸಿಲಿಂಡರಿನ ಎಂಜಿನ್ ಶಕ್ತಿಯಲ್ಲಿ ಹಿಂದಿದ್ದರೂ ಮಿತವ್ಯಯಿಯಾಗಿತ್ತು. ಇಂಧನದ ಭಾರವೂ ಒಂದು ಬೆಲೆ ಎಂಬ ಅಂದಿನ ಪಾಠವು ಮುಂದೆ ಬಹುಕಾಲ ಹಿನ್ನೆಲೆಗೆ ಸರಿಯಿತು.

ಕಾಸ್‌ವರ್ತ್ ಡಿ.ಎಫ್.ವಿ.: ರಚನೆಯ ಭಾಗವಾದ ಎಂಜಿನ್

1966ರಲ್ಲಿ ಗಾತ್ರದ ಮಿತಿಯನ್ನು 3 ಲೀಟರಿಗೆ ಏರಿಸಲಾಯಿತು. ಈ ನಿಯಮದ ಶ್ರೇಷ್ಠ ಫಲ ಕೀತ್ ಡಕ್‌ವರ್ತ್ ವಿನ್ಯಾಸಗೊಳಿಸಿದ ಕಾಸ್‌ವರ್ತ್ ಡಿ.ಎಫ್.ವಿ. ಲೋಟಸ್ ಸಂಸ್ಥೆಯ ಕಾಲಿನ್ ಚಾಪ್‌ಮನ್ ಅವರ ಒತ್ತಾಸೆಯಿಂದ ಫೋರ್ಡ್ ಕಂಪನಿಯು ಇದಕ್ಕೆ 1,00,000 ಪೌಂಡ್ ನೀಡಿತು. 1967ರ ಜೂನ್ 4ರಂದು ಹಾಲೆಂಡಿನ ಝಾಂಡ್‌ವೋರ್ಟ್‌ನಲ್ಲಿ ತನ್ನ ಮೊದಲ ಸ್ಪರ್ಧೆಯಲ್ಲೇ, ಜಿಮ್ ಕ್ಲಾರ್ಕ್ ಚಲಾಯಿಸಿದ ಲೋಟಸ್ 49ರಲ್ಲಿ, ಈ ಎಂಜಿನ್ ಜಯ ಗಳಿಸಿತು.

ಇದರ ವೈಶಿಷ್ಟ್ಯಗಳು ಎರಡು. ಮೊದಲನೆಯದು ದಹನಕೋಣೆಗೆ ಸಂಬಂಧಿಸಿದ್ದು. ಪ್ರತಿ ಸಿಲಿಂಡರಿಗೆ ನಾಲ್ಕು ಕವಾಟಗಳನ್ನು ಅಳವಡಿಸುವ ಕ್ರಮ 1912ರ ಪ್ಯೂಜೋ ಕಾರಿನಲ್ಲಿಯೇ ಇತ್ತು. ಡಕ್‌ವರ್ತ್ ಕವಾಟಗಳ ನಡುವಣ ಕೋನವನ್ನು 32 ಡಿಗ್ರಿಗೆ ಇಳಿಸಿದರು. ಇದರಿಂದ ದಹನಕೋಣೆ ಅಡಕವಾಯಿತು. ಪಿಸ್ಟನ್ನಿನ ನೆತ್ತಿ ಹೆಚ್ಚುಕಡಿಮೆ ಸಪಾಟಾಯಿತು. ಒಳಬಂದ ಮಿಶ್ರಣವು ಸುಳಿಗೊಂಡು ಶೀಘ್ರವಾಗಿ ಉರಿಯಿತು. ನಿಮಿಷಕ್ಕೆ 9,000 ಸುತ್ತುಗಳಲ್ಲಿ ಸುಮಾರು 400 ಅಶ್ವಶಕ್ತಿ ದೊರೆಯಿತು. ಎರಡನೆಯದು ರಚನೆಗೆ ಸಂಬಂಧಿಸಿದ್ದು. ಹಿಂದೆ ಕೆಲವೆಡೆ ಪ್ರಯೋಗಕ್ಕೆ ಬಂದಿದ್ದ ವಿಧಾನವೊಂದನ್ನು ಈ ಎಂಜಿನ್ ಪರಿಪೂರ್ಣಗೊಳಿಸಿತು: ಚಾಲಕನ ಹಿಂದೆ ಕಾರಿನ ಚೌಕಟ್ಟು ಕೊನೆಗೊಳ್ಳುತ್ತಿತ್ತು, ಅಲ್ಲಿಂದಾಚೆಗೆ ಎಂಜಿನ್ನೇ ಬೆನ್ನೆಲುಬಾಗಿ ಹಿಂಬದಿಯ ಸಸ್ಪೆನ್ಷನ್‌ನ ಭಾರವನ್ನು ಹೊರುತ್ತಿತ್ತು. ಇಂದಿಗೂ ಈ ಸ್ಪರ್ಧೆಯ ಕಾರುಗಳು ಇದೇ ಕ್ರಮವನ್ನು ಅನುಸರಿಸುತ್ತಿವೆ. 1968ರಿಂದ ಇತರ ತಂಡಗಳಿಗೂ ಮಾರಾಟವಾದ ಈ ಎಂಜಿನ್ 1983ರವರೆಗೆ 155 ಸ್ಪರ್ಧೆಗಳನ್ನು ಗೆದ್ದಿತು. ಸಣ್ಣ ತಂಡವೊಂದು ಸ್ವಂತ ಎಂಜಿನ್ ಕಾರ್ಖಾನೆಯಿಲ್ಲದೆಯೂ ದೊಡ್ಡ ಸಂಸ್ಥೆಗಳನ್ನು ಎದುರಿಸಬಹುದೆಂಬುದನ್ನು ಇದು ತೋರಿಸಿಕೊಟ್ಟಿತು.

ಟರ್ಬೋ ಯುಗ

1966ರ ನಿಯಮದಲ್ಲಿಯೇ ಇನ್ನೊಂದು ಅವಕಾಶವಿತ್ತು: ಒತ್ತಡದಿಂದ ಗಾಳಿ ತುಂಬುವ 1.5 ಲೀಟರಿನ ಎಂಜಿನ್. ಹನ್ನೊಂದು ವರ್ಷ ಯಾರೂ ಅತ್ತ ಗಂಭೀರವಾಗಿ ನೋಡಲಿಲ್ಲ. ಸೂಪರ್‌ಚಾರ್ಜರನ್ನು ಎಂಜಿನ್ನೇ ತಿರುಗಿಸಬೇಕು; ಅದಕ್ಕೆ ಅಮೂಲ್ಯ ಶಕ್ತಿ ವ್ಯಯವಾಗುತ್ತದೆ. ಟರ್ಬೋಚಾರ್ಜರಾದರೋ ವ್ಯರ್ಥವಾಗಿ ಹೊರಹೋಗುವ ಬಿಸಿ ಅನಿಲದಿಂದ ತಿರುಗುತ್ತದೆ. ಇಂಧನದ ಶಾಖದಲ್ಲಿ ಸ್ಥೂಲವಾಗಿ ಮೂರನೆಯ ಒಂದು ಭಾಗ ಈ ಅನಿಲದೊಡನೆ ಹೋಗುತ್ತದೆ ಎಂಬುದನ್ನು ನೆನೆದರೆ ಇದರ ಮಹತ್ತ್ವ ತಿಳಿಯುತ್ತದೆ. ಫ್ರಾನ್ಸಿನ ರೆನೋ ಸಂಸ್ಥೆಯು 1977ರಲ್ಲಿ ಸಿಲ್ವರ್‌ಸ್ಟೋನ್‌ನಲ್ಲಿ ಇಂಥ ಕಾರನ್ನು ಇಳಿಸಿದಾಗ ಅದು ಸ್ಪರ್ಧೆಯನ್ನು ಪೂರೈಸಲಿಲ್ಲ. ಹೊಗೆಯುಗುಳುವ ಅದನ್ನು ‘ಹಳದಿ ಚಹಾಪಾತ್ರೆ’ ಎಂದು ಗೇಲಿ ಮಾಡಿದರು. 1979ರಲ್ಲಿ ಡಿಜಾನ್‌ನಲ್ಲಿ ಝಾನ್-ಪಿಯರ್ ಝಬೂಯಿ ಮೊದಲ ಟರ್ಬೋ ಗೆಲುವನ್ನು ತಂದುಕೊಟ್ಟರು. 1983ರಲ್ಲಿ ನೆಲ್ಸನ್ ಪಿಕೆ ಬಿ.ಎಂ.ಡಬ್ಲ್ಯು. ಟರ್ಬೋ ಎಂಜಿನ್ನಿನಿಂದ ಚಾಂಪಿಯನ್ ಆದರು. ಆ ನಾಲ್ಕು ಸಿಲಿಂಡರಿನ ಎಂಜಿನ್ನಿಗೆ ಆಧಾರವಾಗಿದ್ದುದು ಸಾಮಾನ್ಯ ಕಾರಿನ ಎರಕದ ಕಬ್ಬಿಣದ ಬ್ಲಾಕ್ ಎಂಬುದು ಗಮನಾರ್ಹ. 1986ರ ಅರ್ಹತಾ ಸುತ್ತುಗಳಲ್ಲಿ ಇಂಥ ಎಂಜಿನ್ನುಗಳು 1,000 ಅಶ್ವಶಕ್ತಿಯನ್ನು ಮೀರಿದವು.

ಈ ಮಹಾಪೂರವನ್ನು ತಡೆಯಲು ನಿಯಮಕಾರರು ಇಂಧನವನ್ನು ಅಳೆಯತೊಡಗಿದರು. ಒಂದು ಸ್ಪರ್ಧೆಗೆ 1984ರಲ್ಲಿ 220 ಲೀಟರ್, 1986ರಲ್ಲಿ 195 ಲೀಟರ್, 1988ರಲ್ಲಿ ಟರ್ಬೋ ಕಾರುಗಳಿಗೆ 150 ಲೀಟರ್ ಎಂಬ ಮಿತಿ ಬಂದಿತು. ತುಂಬುವ ಒತ್ತಡವನ್ನೂ 2.5 ಬಾರ್‌ಗೆ ಇಳಿಸಲಾಯಿತು. ಆದರೂ ಅದೇ ವರ್ಷ ಹೋಂಡಾ ಟರ್ಬೋ ಎಂಜಿನ್ನಿನ ಮೆಕ್‌ಲಾರೆನ್ 16 ಸ್ಪರ್ಧೆಗಳಲ್ಲಿ 15ನ್ನು ಗೆದ್ದಿತು. ಇಂಧನ ಕಡಿಮೆಯಾದಾಗ ಗೆಲ್ಲುವುದು ದಹನದ ಜ್ಞಾನವೇ ಎಂಬುದಕ್ಕೆ ಇದು ನಿದರ್ಶನ. 1989ರಿಂದ ಟರ್ಬೋ ನಿಷಿದ್ಧವಾಯಿತು.

ವೇಗದ ಪರಾಕಾಷ್ಠೆ

ಒತ್ತಡದ ದಾರಿ ಮುಚ್ಚಿದಾಗ ಪರಿಭ್ರಮಣ ವೇಗದ ದಾರಿಯೊಂದೇ ಉಳಿಯಿತು. ಅಲ್ಲಿ ಅಡ್ಡಿಯಾಗಿದ್ದುದು ಕವಾಟವನ್ನು ಮುಚ್ಚುವ ಉಕ್ಕಿನ ಸ್ಪ್ರಿಂಗ್. ಅತಿವೇಗದಲ್ಲಿ ಅದು ತಾನೇ ಕಂಪಿಸತೊಡಗಿ ಕವಾಟವನ್ನು ಸಕಾಲದಲ್ಲಿ ಮುಚ್ಚಲಾರದು. ತೆರೆದ ಕವಾಟಕ್ಕೆ ಪಿಸ್ಟನ್ ಬಡಿದರೆ ಎಂಜಿನ್ ನಾಶವಾಗುತ್ತದೆ. ರೆನೋ ಸಂಸ್ಥೆಯು 1986ರಲ್ಲಿ, ಇನ್ನೂ ಟರ್ಬೋ ಕಾಲದಲ್ಲಿಯೇ, ಸ್ಪ್ರಿಂಗಿನ ಬದಲು ಒತ್ತಡದ ಅನಿಲವನ್ನು ಬಳಸಿತು. ಅನಿಲಕ್ಕೆ ತೂಕ ಅತ್ಯಲ್ಪ, ಲೋಹದ ದಣಿವು ಅದಕ್ಕಿಲ್ಲ. ಮುಂದಿನ ಎರಡು ದಶಕಗಳ ವೇಗವೃದ್ಧಿಗೆ ಇದೇ ತಳಹದಿಯಾಯಿತು.

ಪಿಸ್ಟನ್ನಿನ ಓಟದ ಉದ್ದವನ್ನು ತಗ್ಗಿಸಿ ಸಿಲಿಂಡರಿನ ವ್ಯಾಸವನ್ನು ಹಿಗ್ಗಿಸಿದ್ದು ಇನ್ನೊಂದು ಉಪಾಯ. ಡಿ.ಎಫ್.ವಿ.ಯಲ್ಲಿ ಓಟ 64.8 ಮಿಲಿಮೀಟರ್, 9,000 ಸುತ್ತುಗಳಲ್ಲಿ ಪಿಸ್ಟನ್ನಿನ ಸರಾಸರಿ ವೇಗ ಸೆಕೆಂಡಿಗೆ 19.4 ಮೀಟರ್. 2006ರಲ್ಲಿ ಬಂದ 2.4 ಲೀಟರಿನ ಎಂಟು ಸಿಲಿಂಡರ್ ಎಂಜಿನ್ನಿನಲ್ಲಿ ವ್ಯಾಸ 98 ಮಿಲಿಮೀಟರ್ ಆದರೆ ಓಟ 39.8 ಮಿಲಿಮೀಟರ್ ಆಗುತ್ತದೆ. 18,000 ಸುತ್ತುಗಳಲ್ಲಿ ಸರಾಸರಿ ವೇಗ 23.9 ಮೀಟರ್. ಪರಿಭ್ರಮಣ ವೇಗ ಇಮ್ಮಡಿಯಾದರೂ ಪಿಸ್ಟನ್ನಿನ ವೇಗ ಕಾಲುಭಾಗದಷ್ಟೇ ಏರಿತು. ಆ ವೇಗದಲ್ಲಿ ಪ್ರತಿ ಕವಾಟವೂ ಸೆಕೆಂಡಿಗೆ 150 ಬಾರಿ ತೆರೆದು ಮುಚ್ಚಬೇಕು. 2006ರಲ್ಲಿ ಕಾಸ್‌ವರ್ತ್ ಎಂಜಿನ್ 20,000 ಸುತ್ತುಗಳನ್ನು ಮುಟ್ಟಿತು. ನಿಯಮಕಾರರು 2007ರಲ್ಲಿ 19,000, 2009ರಲ್ಲಿ 18,000 ಎಂದು ಮಿತಿ ಹಾಕಿದರು.

ಇಂಧನವೇ ಅಳತೆಗೋಲಾದಾಗ

2014ರ ನಿಯಮವು ನಿಜವಾದ ತಿರುವು. ಎಂಜಿನ್ 1.6 ಲೀಟರಿನ, ಆರು ಸಿಲಿಂಡರಿನ ಟರ್ಬೋ ಆಯಿತು. ಅದಕ್ಕಿಂತ ಮುಖ್ಯವಾಗಿ, ಇಂಧನದ ಹರಿವನ್ನು ಗಂಟೆಗೆ 100 ಕಿಲೋಗ್ರಾಂಗೂ ಇಡೀ ಸ್ಪರ್ಧೆಯ ಬಳಕೆಯನ್ನು 100 ಕಿಲೋಗ್ರಾಂಗೂ ಸೀಮಿತಗೊಳಿಸಲಾಯಿತು. 10,500 ಸುತ್ತುಗಳಿಗೇ ಪೂರ್ಣ ಹರಿವು ಲಭ್ಯವಾಗುವುದರಿಂದ ಅದಕ್ಕಿಂತ ಹೆಚ್ಚಿನ ವೇಗದಿಂದ ಲಾಭವಿಲ್ಲದಾಯಿತು. ಘರ್ಷಣೆ ಮಾತ್ರ ಹೆಚ್ಚಿತು. ಗಂಟೆಗೆ 100 ಕಿಲೋಗ್ರಾಂ ಇಂಧನದಲ್ಲಿ ಅಡಗಿರುವ ಶಾಖ ಸುಮಾರು 1,200 ಕಿಲೋವಾಟ್. ಇದರಲ್ಲಿ ಎಷ್ಟು ಭಾಗ ಚಕ್ರಕ್ಕೆ ತಲುಪುತ್ತದೆ ಎಂಬುದೇ ಈಗ ಪೈಪೋಟಿ.

ಈ ಗುರಿಗಾಗಿ ಎರಡು ವಿದ್ಯುತ್ ಯಂತ್ರಗಳು ಜೊತೆಯಾದವು. ಒಂದು ಬ್ರೇಕ್ ಹಾಕುವಾಗ ನಷ್ಟವಾಗುವ ಚಲನಶಕ್ತಿಯನ್ನು ಹಿಡಿದು 120 ಕಿಲೋವಾಟ್‌ವರೆಗೆ ಮರಳಿಸುತ್ತಿತ್ತು. ಮತ್ತೊಂದು ಟರ್ಬೋಚಾರ್ಜರಿನ ದಂಡಕ್ಕೇ ಜೋಡಣೆಗೊಂಡು ಹೊರಹೋಗುವ ಅನಿಲದಿಂದ ವಿದ್ಯುತ್ತನ್ನು ಉತ್ಪಾದಿಸುತ್ತಿತ್ತು. ಅಗತ್ಯವಿದ್ದಾಗ ಟರ್ಬೋವನ್ನು ತಾನೇ ತಿರುಗಿಸಿ ವಿಳಂಬವನ್ನು ನೀಗಿಸುತ್ತಿತ್ತು. ತನ್ನ ಎಂಜಿನ್ ಪರೀಕ್ಷಾಗಾರದಲ್ಲಿ 50 ಪ್ರತಿಶತ ಉಷ್ಣದಕ್ಷತೆಯನ್ನು ದಾಟಿತೆಂದು ಮರ್ಸಿಡಿಸ್ 2017ರಲ್ಲಿ ಪ್ರಕಟಿಸಿತು. ಪೆಟ್ರೋಲ್ ಎಂಜಿನ್ನಿನ ಚರಿತ್ರೆಯಲ್ಲಿ ಇದು ಅಸಾಧಾರಣ ಸಾಧನೆ.

ಉಪಸಂಹಾರ

ಸ್ಪರ್ಧೆಯ ತಂತ್ರಜ್ಞಾನವೆಲ್ಲ ರಸ್ತೆಗೆ ಇಳಿಯುತ್ತದೆ ಎಂಬ ಪ್ರಚಲಿತ ಮಾತನ್ನು ಎಚ್ಚರಿಕೆಯಿಂದ ಸ್ವೀಕರಿಸಬೇಕು. ರೆನೋಗಿಂತ ಮೊದಲೇ ಟರ್ಬೋ ರಸ್ತೆಯ ಕಾರುಗಳಲ್ಲಿತ್ತು. ಅನಿಲದ ಕವಾಟ ಸ್ಪ್ರಿಂಗ್ ಸ್ಪರ್ಧೆಯ ವಲಯದಲ್ಲಿಯೇ ಉಳಿಯಿತು. ಟರ್ಬೋಗೆ ಜೋಡಿಸಿದ ವಿದ್ಯುತ್ ಯಂತ್ರವು ದಕ್ಷತೆಯ ದೃಷ್ಟಿಯಿಂದ ಅತ್ಯುತ್ತಮವಾಗಿದ್ದರೂ ವೆಚ್ಚ ಮತ್ತು ಜಟಿಲತೆಗಳ ಕಾರಣದಿಂದ 2026ರ ನಿಯಮಾವಳಿ ಅದನ್ನು ಕೈಬಿಟ್ಟಿತು. ಚಲನಶಕ್ತಿಯನ್ನು ಹಿಡಿಯುವ ಯಂತ್ರಕ್ಕೆ 350 ಕಿಲೋವಾಟ್‌ವರೆಗೆ ಅವಕಾಶ ನೀಡಿ, ಸುಸ್ಥಿರ ಇಂಧನವನ್ನು ಕಡ್ಡಾಯಗೊಳಿಸಿತು. ಇಂಧನದ ಹರಿವನ್ನು ತೂಕದ ಬದಲು ಗಂಟೆಗೆ 3,000 ಮೆಗಾಜೂಲ್ ಎಂದು ಶಕ್ತಿಯ ಮಾನದಲ್ಲಿಯೇ ಅಳೆಯುವುದು ಇದರ ಮತ್ತೊಂದು ವಿಶೇಷ.

ಗಾಳಿಯ ಗಾತ್ರದಿಂದ ಇಂಧನದ ತೂಕಕ್ಕೆ, ಅಲ್ಲಿಂದ ಇಂಧನದಲ್ಲಿ ಅಡಗಿದ ಶಕ್ತಿಗೆ ಅಳತೆಗೋಲು ಬದಲಾದ ಈ ಕ್ರಮವೇ ವಿಕಾಸದ ಸಾರ. ನಿಯಮವು ಗಾತ್ರವನ್ನು ಅಳೆದಾಗ ಎಂಜಿನ್ನುಗಳು ದುಂದುಗಾರರಾದವು. ಇಂಧನವನ್ನು ಅಳೆದಾಗ ಅದೇ ಎಂಜಿನಿಯರುಗಳು ದಕ್ಷತೆಯ ಶಿಖರವನ್ನು ಏರಿದರು. ಪ್ರತಿಭೆ ಎರಡು ಕಾಲಗಳಲ್ಲೂ ಇತ್ತು. ಭಿನ್ನವಾಗಿದ್ದುದು ಅವರ ಮುಂದೆ ಇಟ್ಟ ಪ್ರಶ್ನೆ. ಸೀಮಿತ ಇಂಧನದ ಯುಗದಲ್ಲಿ ತಂತ್ರಜ್ಞಾನ ನೀತಿಯನ್ನು ರೂಪಿಸುವವರು ಈ ಚರಿತ್ರೆಯಿಂದ ಗ್ರಹಿಸಬೇಕಾದ ಅಂಶ ಇದೇ ಎನ್ನಬಹುದು.