ಬಿದ್ದು ನಗಿಸುವ ಕಸುಬು

ತೋಟದವನೊಬ್ಬ ಗಿಡಗಳಿಗೆ ಪೈಪಿನಲ್ಲಿ ನೀರು ಬಿಡುತ್ತಿದ್ದಾನೆ. ಹಿಂದಿನಿಂದ ಬಂದ ತುಂಟ ಹುಡುಗ ಪೈಪು ತುಳಿಯುತ್ತಾನೆ. ನೀರು ನಿಲ್ಲುತ್ತದೆ. ಏನಾಯಿತಪ್ಪಾ ಎಂದು ತೋಟದವನು ಪೈಪಿನ ಬಾಯಿಗೆ ಕಣ್ಣಿಟ್ಟದ್ದೇ ತಡ, ಹುಡುಗ ಕಾಲು ತೆಗೆಯುತ್ತಾನೆ. ಮುಖವೆಲ್ಲ ತೊಪ್ಪೆ. ಆಮೇಲೆ ಹುಡುಗನ ಬೆನ್ನಟ್ಟಿ ಕುಂಡೆಗೆ ನಾಲ್ಕು ಬಿಗಿಯುವುದೂ ಉಂಟು. 1895ರಲ್ಲಿ ಲೂಮಿಯೇರ್ ಸಹೋದರರು ಪ್ಯಾರಿಸ್ಸಿನಲ್ಲಿ ತೋರಿಸಿದ ಈ ಚಿತ್ರ ಒಂದು ನಿಮಿಷವೂ ಇಲ್ಲ. ಮೂಕಿ ಹಾಸ್ಯದ ಗುಟ್ಟು ಮಾತ್ರ ಅದರಲ್ಲಿ ಪೂರ್ತಿ ಇದೆ: ಮುಂದೇನಾಗುತ್ತದೆಂದು ನಮಗೆ ಗೊತ್ತು, ಪಾಪ, ಅವನಿಗೆ ಗೊತ್ತಿಲ್ಲ.

ನಮ್ಮ ಬಯಲುಸೀಮೆಯ ಮೂಡಲಪಾಯ ಯಕ್ಷಗಾನದಲ್ಲಿ ನಗಿಸುವ ಹನುಮನಾಯಕನಿಗೆ ಕುಣಿತದ ಜೊತೆ ಬಾಯಿಯೂ ಇದೆ. ಮೂಕಿ ನಟನಿಗೆ ಆ ಅನುಕೂಲವಿಲ್ಲ. ಅವನು ಜಾರುವ ಮೊದಲೇ ಬಾಳೆಹಣ್ಣಿನ ಸಿಪ್ಪೆ ನಮ್ಮ ಕಣ್ಣಿಗೆ ಬಿದ್ದಿರಬೇಕು.

1912ರಲ್ಲಿ ಅಮೆರಿಕದಲ್ಲಿ ಕೀಸ್ಟೋನ್ ಕಂಪನಿ ಕಟ್ಟಿದ ಮ್ಯಾಕ್ ಸೆನೆಟ್ ಇದನ್ನೇ ಕಾರ್ಖಾನೆ ಮಾಡಿದ. ಹತ್ತು ಹದಿನೈದು ನಿಮಿಷದ ರೀಲುಗಳಲ್ಲಿ ಎಡವಿ ಬೀಳುವ ಪೊಲೀಸರು, ಓಟ, ಒದೆತ. ಕ್ಯಾಮೆರಾದ ಹಿಡಿಯನ್ನು ನಿಧಾನವಾಗಿ ತಿರುಗಿಸಿ ತೆಗೆದದ್ದನ್ನು ತೆರೆಯ ಮೇಲೆ ವೇಗವಾಗಿ ಓಡಿಸಿದರೆ ನಡೆಯುವವನೂ ಓಡಿದಂತೆ ಕಾಣುತ್ತಾನೆ. 1914ರಲ್ಲಿ ಅಲ್ಲೇ ಪಳಗಿದ ಚಾಪ್ಲಿನ್ ಬರಬರುತ್ತಾ ಈ ಗದ್ದಲಕ್ಕೆ ಹಸಿವನ್ನೂ ಬಡತನವನ್ನೂ ಸೇರಿಸಿದ. ನನ್ನನ್ನು ಕೇಳಿದರೆ, ಸೆನೆಟ್‌ನ ಚಿತ್ರಗಳು ಎರಡನೇ ಸಲಕ್ಕೆ ಸಪ್ಪೆ, ಚಾಪ್ಲಿನ್ ಹಾಗಲ್ಲ.

ಆ ಹಸಿವು ಬೆಂಗಳೂರಿಗೂ ಬಂತು, 1987ರಲ್ಲಿ. ಶೃಂಗಾರ್ ನಾಗರಾಜ್ ನಿರ್ಮಿಸಿ ಸಿಂಗೀತಂ ಶ್ರೀನಿವಾಸರಾವ್ ನಿರ್ದೇಶಿಸಿದ ‘ಪುಷ್ಪಕ ವಿಮಾನ’ದಲ್ಲಿ ಸದ್ದಿದೆ, ಸಂಭಾಷಣೆ ಇಲ್ಲ. ಕೆಲಸವಿಲ್ಲದ ನಾಯಕ ಕಮಲಹಾಸನ್, ಕುಡಿದು ಬಿದ್ದ ಶ್ರೀಮಂತನನ್ನು ಕಟ್ಟಿಹಾಕಿ ಅವನ ಹೆಸರಲ್ಲಿ ದೊಡ್ಡ ಹೋಟೆಲು ಸೇರುತ್ತಾನೆ. ಮೆತ್ತನೆ ಹಾಸಿಗೆಯಲ್ಲಿ ನಿದ್ದೆಯೇ ಬಾರದು. ತನ್ನ ಹಳೇ ಕೋಣೆಯ ಗಲಾಟೆಯನ್ನು ಟೇಪಿನಲ್ಲಿ ತುಂಬಿಕೊಂಡು ಬಂದು ಹಾಕಿದ ಮೇಲೆಯೇ ಗೊರಕೆ! ಟಿನು ಆನಂದ್ ಅವರ ಬಾಡಿಗೆ ಕೊಲೆಗಾರನದ್ದು ಇನ್ನೊಂದು ಪಾಡು: ಸಾಕ್ಷಿ ಉಳಿಯಬಾರದೆಂದು ಮಂಜುಗಡ್ಡೆಯ ಚೂರಿ ಮಾಡಿಕೊಂಡಿದ್ದಾನೆ. ತಡವಾದಷ್ಟೂ ಅದು ಕರಗುತ್ತದೆ. ತೋಟದವನ ಪೈಪಿನ ಲೆಕ್ಕವೇ ಇಲ್ಲೂ; ಚೂರಿ ನೀರಾಗುವುದನ್ನು ನಾವು ಮೊದಲೇ ಬಲ್ಲೆವು.

ಒಳ್ಳೆಯ ಮನರಂಜನೆಯ ಜನಪ್ರಿಯ ಚಿತ್ರವೆಂದು ‘ಪುಷ್ಪಕ ವಿಮಾನ’ಕ್ಕೆ ರಾಷ್ಟ್ರಪ್ರಶಸ್ತಿಯೂ ಸಿಕ್ಕಿತು. ರಜೆಗೆ ಬಂದ ಮೊಮ್ಮಕ್ಕಳಿಗೆ ಕನ್ನಡ ಅಷ್ಟಕ್ಕಷ್ಟೇ ಎನ್ನುವವರು ಪಕ್ಕದಲ್ಲಿ ಕೂರಿಸಿಕೊಂಡು ಒಮ್ಮೆ ತೋರಿಸಿ. ನಡುನಡುವೆ ಏನನ್ನೂ ಬಿಡಿಸಿ ಹೇಳಬೇಕಾಗುವುದಿಲ್ಲ.